ಚಾರ್ಮಾಡಿ ಘಾಟಿಯ ಒದ್ದೆ ಬಂಡೆಯಲ್ಲಿ ಗುಲಾಬಿ ಹೂ: ಇದು ಯಾವುದು?

ಕುಡ್ಲದ ಬೈಕ್ ಸವಾರ

ಎಲ್ಲರಿಗೂ ನಮಸ್ಕಾರ. ಮೊನ್ನೆ ಮಂಗಳೂರಿನಿಂದ ಕೊಟ್ಟಿಗೆಹಾರಕ್ಕೆ ಹೋಗುವಾಗ ಚಾರ್ಮಾಡಿ ಘಾಟಿಯಲ್ಲಿ ಒಂದು ಹೂ ಕಣ್ಣಿಗೆ ಬಿತ್ತು. ರಸ್ತೆ ಬದಿಯಲ್ಲಿ ಗುಡ್ಡ ಕಡಿದ ಕಪ್ಪು ಬಂಡೆ, ಅದರ ಮೇಲೆ ನೀರು ಸಣ್ಣಗೆ ಹರಿಯುತ್ತಾ ಇತ್ತು. ಆ ಬಂಡೆಯ ತುಂಬಾ ತಿಳಿ ಗುಲಾಬಿ ಹೂಗಳು. ಎಲೆಗಳು ಬಂಡೆಗೆ ಅಂಟಿಕೊಂಡ ಹಾಗೆ ಬುಡದಲ್ಲೇ ಇವೆ. ಹೂವಿನ ದಂಟು ಮಾತ್ರ ಗೇಣುದ್ದ ಮೇಲೆ ಬಂದಿದೆ, ಅದರಲ್ಲಿ ಒಂದೂ ಎಲೆ ಇಲ್ಲ.

ಫೋಟೋ ಹಾಕಿದ್ದೇನೆ. ಮಳೆ ಜೋರಾಗಿತ್ತು, ಮೊಬೈಲಿಗೆ ಪ್ಲಾಸ್ಟಿಕ್ ಕವರ್ ಸುತ್ತಿ ತೆಗೆದದ್ದು, ಸ್ವಲ್ಪ ಮಸುಕಾಗಿದೆ. ಗೂಗಲ್ ಲೆನ್ಸ್ ಕೇಳಿದರೆ ನರ್ಸರಿಯಲ್ಲಿ ಕುಂಡದಲ್ಲಿ ಮಾರುವ ಇಂಪೇಷನ್ಸ್ ತೋರಿಸುತ್ತದೆ. ಅದು ನಮ್ಮ ಅಮ್ಮನ ಹತ್ತಿರವೂ ಉಂಟು, ನೋಡಲು ಬೇರೆಯೇ. ಇದರ ಹೆಸರು ಎಂತ? ಅಷ್ಟೊಂದು ಹೂ ಆ ಒಂದು ಬಂಡೆಯಲ್ಲಿ ಮಾತ್ರ ಯಾಕೆ? ಪಕ್ಕದ ಮಣ್ಣಿನ ಇಳಿಜಾರಿನಲ್ಲಿ ಒಂದೇ ಒಂದು ಇರಲಿಲ್ಲ.

ಕಾರ್ಕಳದ ಅಕ್ಕ

ಎಂಥ ಚಂದ ಮಾರಾಯ್ರೇ! ಒದ್ದೆ ಬಂಡೆ, ಗುಲಾಬಿ ಬಣ್ಣ ಅಂದರೆ ಕಾಡು ಬೆಗೋನಿಯಾ ಇರಬಹುದಾ? ಮಾಳ ಕಡೆಯಿಂದ ಕುದುರೆಮುಖಕ್ಕೆ ಹೋಗುವ ದಾರಿಯಲ್ಲಿ ಬಂಡೆಯ ಸಂದಿನಲ್ಲಿ ಬೆಗೋನಿಯಾ ಜಾಸ್ತಿ ಕಾಣುತ್ತದೆ. ಒಮ್ಮೆ ಎಲೆ ನೋಡಿ ತಮ್ಮಾ. ಬೆಗೋನಿಯಾ ಎಲೆ ನಡುವಿನ ನರದ ಎರಡೂ ಬದಿಗೆ ಒಂದೇ ಅಳತೆ ಇರುವುದಿಲ್ಲ, ಒಂದು ಬದಿ ದೊಡ್ಡದು, ಒಂದು ಬದಿ ಸಣ್ಣದು.

ಕುಡ್ಲದ ಬೈಕ್ ಸವಾರ

ಈಗ ಫೋಟೋ ದೊಡ್ಡದು ಮಾಡಿ ನೋಡಿದೆ ಅಕ್ಕ. ಎಲೆ ಎರಡೂ ಬದಿ ಸರಿಸಮ ಉಂಟು. ಹೆಚ್ಚು ಕಡಿಮೆ ದುಂಡಗೆ, ಅಂಚಿನಲ್ಲಿ ಸಣ್ಣ ಸಣ್ಣ ಹಲ್ಲು. ಇನ್ನೊಂದು ವಿಷಯ, ಹೂವಿನ ಹಿಂದೆ ತೆಳ್ಳಗಿನ ಬಾಲದ ಹಾಗೆ ಎಂತದೋ ಬಾಗಿಕೊಂಡಿದೆ.

ಮಣಿಪಾಲದ ವಿದ್ಯಾರ್ಥಿನಿ

ಬಾಲ ಇದೆ ಅಂದರೆ ಬೆಗೋನಿಯಾ ಅಲ್ಲವೇ ಅಲ್ಲ. ಆರ್ಕಿಡ್ ಇರಬಹುದು ಅಂತ ಅನ್ನಿಸುತ್ತದೆ, ಹಬೆನೇರಿಯಾ ಜಾತಿಯ ನೆಲದ ಆರ್ಕಿಡ್‌ಗಳಿಗೂ ಹಿಂದೆ ಬಾಲ ಇರುತ್ತದೆ, ಮಳೆಗಾಲದಲ್ಲೇ ಅರಳುತ್ತವೆ. ಆದರೆ ಅವುಗಳಲ್ಲಿ ಜಾಸ್ತಿ ಬಿಳಿ ಅಥವಾ ಹಸಿರು ಮಿಶ್ರಿತ ಬಿಳಿ. ಎಲೆಯ ಅಂಚಿನಲ್ಲಿ ಹಲ್ಲೂ ಇರುವುದಿಲ್ಲ. ಹಾಗಾಗಿ ನನಗೆ ಇಂಪೇಷನ್ಸ್ ಕಡೆಗೇ ಒಲವು. ಲೆನ್ಸ್ ಹೇಳಿದ ಕುಂಡದ ಗಿಡ ಅಲ್ಲ, ನಮ್ಮ ಘಟ್ಟದ್ದೇ ಬೇರೆ ಜಾತಿ. ಉಜಿರೆಯ ಮೇಷ್ಟ್ರು ನೋಡಿದರೆ ಸರಿಯಾಗಿ ಹೇಳಿಯಾರು.

ಉಜಿರೆಯ ನಿವೃತ್ತ ಮೇಷ್ಟ್ರು

ನೋಡಿದೆ ಮಗಾ, ಫೋಟೋ ಸಾಕಷ್ಟು ಸ್ಪಷ್ಟ ಇದೆ. ಇದು ಕರ್ಣಕುಂಡಲದ ಸಂಬಂಧಿ, ಇಂಪೇಷನ್ಸ್ ಕುಲದ್ದು. ಅದರಲ್ಲೂ ಕಾಂಡವೇ ಇಲ್ಲದ ಗುಂಪು. ನಮ್ಮ ಮನೆ ಅಂಗಳದ ಕರ್ಣಕುಂಡಲಕ್ಕೆ ದಪ್ಪ ಕಾಂಡ, ಕಾಂಡದ ತುಂಬಾ ಎಲೆ, ಎಲೆಯ ಬುಡದಲ್ಲಿ ಹೂ. ಇಲ್ಲಿ ಹಾಗಿಲ್ಲ. ಬಂಡೆಯ ಪಾಚಿಯೊಳಗೆ ಒಂದು ಸಣ್ಣ ಗಡ್ಡೆ. ಗಡ್ಡೆಯಿಂದ ನೇರವಾಗಿ ಎಲೆ, ಗಡ್ಡೆಯಿಂದಲೇ ಹೂವಿನ ದಂಟು. ನೀವು ಬರೆದ "ದಂಟಿನಲ್ಲಿ ಒಂದೂ ಎಲೆ ಇಲ್ಲ" ಎಂಬ ಸಾಲು ಅರ್ಧ ಉತ್ತರ. ಉಳಿದರ್ಧ "ನೀರು ಹರಿಯುವ ಬಂಡೆ" ಎಂಬುದು.

ಬಹಳ ಜನ ಹೂವಿನ ಬಣ್ಣದಿಂದ ಶುರು ಮಾಡುತ್ತಾರೆ. ಘಟ್ಟದಲ್ಲಿ ಮಳೆಗಾಲಕ್ಕೆ ಗುಲಾಬಿ ಹೂ ಬಿಡುವ ಗಿಡ ಎಷ್ಟೋ ಇವೆ. ಅದೇ, ಮಣ್ಣಿಲ್ಲದ ಬಂಡೆಯ ಮೇಲೆ, ಹರಿಯುವ ನೀರಿನ ಪದರದಲ್ಲಿ, ಮಳೆಗಾಲದಲ್ಲೇ ಎಲೆ, ಹೂ, ಕಾಯಿ ಎಲ್ಲ ಮುಗಿಸಿ ಮತ್ತೆ ಗಡ್ಡೆಯಾಗಿ ಉಳಿಯುವ ಗಿಡ ಯಾವುದು ಅಂತ ಕೇಳಿ. ಪಟ್ಟಿ ಒಮ್ಮೆಗೇ ಸಣ್ಣದಾಗುತ್ತದೆ. ಆಮೇಲೆ ಎಲೆ ಎಲ್ಲಿದೆ ನೋಡಿ. ಬಣ್ಣ ಕೊನೆಗೆ.

ಚಾರ್ಮಾಡಿಯಲ್ಲಿ ಇಂಥ ಬಂಡೆಯ ಮೇಲೆ ಹುಡುಕಿದರೆ ಸಿಗುವ ಇನ್ನು ಕೆಲವನ್ನು ಹೇಳುತ್ತೇನೆ, ಮುಂದಿನ ಸಲ ಅನುಕೂಲ ಆದೀತು. ನೀಲಿ ಹೂ, ಕೆಳತುಟಿ ಮಾತ್ರ ದೊಡ್ಡದು, ಎಲೆ ಬುಡದಲ್ಲಿ ಓರೆ ಅಂದರೆ ರಿಂಕೋಗ್ಲಾಸಮ್. ಮೂರೇ ಎಸಳಿನ ಗುಲಾಬಿ ಹೂ, ನಡುವೆ ಮೂರು ಹಳದಿ ಕೇಸರ ಎದ್ದು ಕಂಡರೆ ಸೊನೆರಿಲಾ. ಪಾಚಿಯ ಮೇಲೆ ಅಕ್ಕಿಕಾಳಿಗಿಂತ ಸ್ವಲ್ಪ ದೊಡ್ಡದಾದ ಬಿಳಿ-ನೇರಳೆ ಹೂ, ಕೂದಲೆಳೆಯಂಥ ದಂಟು ಅಂದರೆ ಯುಟ್ರಿಕ್ಯುಲೇರಿಯಾ ಸ್ಟ್ರಯಾಟುಲಾ. ಇದು ಕೀಟಾಹಾರಿ. ಪಾಚಿಯೊಳಗೆ ಇದರ ಕಣ್ಣಿಗೆ ಕಾಣದಷ್ಟು ಸಣ್ಣ ಚೀಲಗಳಿರುತ್ತವೆ. ನೀರಿನ ಸೂಕ್ಷ್ಮ ಜೀವಿಗಳನ್ನು ಅವು ಎಳೆದುಕೊಳ್ಳುತ್ತವೆ. ಒಂದೇ ಬಂಡೆಯಲ್ಲಿ ಇವೆಲ್ಲ ಒಟ್ಟಿಗೆ ಸಿಕ್ಕರೆ ಅದು ಹಳೆಯ, ಯಾರೂ ಕೆರೆಯದ ಬಂಡೆ ಅಂತ ಅರ್ಥ.

ಹೂವನ್ನು ಒಮ್ಮೆ ಹತ್ತಿರದಿಂದ ನೋಡೋಣ. ಮೇಲೆ ಒಂದು ಸಣ್ಣ ಎಸಳು. ಕೆಳಗೆ ಎಡಕ್ಕೆ ಬಲಕ್ಕೆ ದೊಡ್ಡ ಎಸಳುಗಳು. ಅವು ಎರಡು ಕಂಡರೂ ನಿಜಕ್ಕೂ ನಾಲ್ಕು, ಒಂದೊಂದು ಬದಿಯಲ್ಲಿ ಎರಡೆರಡು ಕೂಡಿಕೊಂಡಿವೆ. ಹಿಂದೆ ಇರುವ ಬಾಲ ಎಸಳಲ್ಲ, ಹೊರಕವಚದ ಒಂದು ಭಾಗ ಕೊಳವೆಯಾಗಿ ಬೆಳೆದದ್ದು. ಅದರ ತುದಿಯಲ್ಲಿ ಮಕರಂದ. ಇಷ್ಟುದ್ದದ ತೆಳ್ಳಗಿನ ಕೊಳವೆಯ ತುದಿ ಮುಟ್ಟಬೇಕಾದರೆ ಉದ್ದ ನಾಲಿಗೆಯ ಚಿಟ್ಟೆಯೋ ಹಾಕ್ ಮಾತ್ ಪತಂಗವೋ ಬರಬೇಕು.

ಹೂವಿನ ಬಾಯಿಯ ಮೇಲ್ಭಾಗ ನೋಡಿ. ಹೊಸದಾಗಿ ಅರಳಿದ ಹೂವಿನಲ್ಲಿ ಬಿಳಿ ಟೋಪಿಯಂಥದ್ದೊಂದು ಬಾಗಿಕೊಂಡಿರುತ್ತದೆ. ಐದು ಕೇಸರಗಳು ಕೂಡಿ ಆದದ್ದು ಅದು, ಪರಾಗ ಅಲ್ಲೇ. ಬಂದ ಚಿಟ್ಟೆಯ ತಲೆಗೋ ಬೆನ್ನಿಗೋ ಪರಾಗ ಮೆತ್ತುತ್ತದೆ. ಆಮೇಲೆ ಆ ಟೋಪಿ ಹಾಗೇ ಕಳಚಿ ಬೀಳುತ್ತದೆ. ಅಷ್ಟು ಹೊತ್ತು ಅದರಡಿಯಲ್ಲಿ ಮುಚ್ಚಿಕೊಂಡಿದ್ದ ಹಸಿರು ತುದಿ ಆಗ ಹೊರಗೆ ಕಾಣುತ್ತದೆ. ಅದೇ ಹೆಣ್ಣು ಭಾಗ. ಅಂದರೆ ಒಂದೇ ಹೂ ಮೊದಲು ಗಂಡು, ಆಮೇಲೆ ಹೆಣ್ಣು. ನಿಮ್ಮ ಎರಡನೇ ಫೋಟೋದಲ್ಲಿ ಎಡಗಡೆಯ ಹೂವಿಗೆ ಬಿಳಿ ಟೋಪಿ ಇದೆ, ಬಲಗಡೆಯದ್ದಕ್ಕೆ ಇಲ್ಲ. ಮಸುಕಾಗಿದ್ದರೂ ಅಷ್ಟು ಗೊತ್ತಾಗುತ್ತದೆ.

ಕುಡ್ಲದ ಬೈಕ್ ಸವಾರ

ಹೌದು ಮೇಷ್ಟ್ರೇ, ಈಗ ಕಾಣುತ್ತಿದೆ! ಬಲಗಡೆಯದ್ದರಲ್ಲಿ ಹಸಿರು ಚೂಪು ಮಾತ್ರ ಉಂಟು. ಫೋಟೋ ತೆಗೆಯುವಾಗ ಇದೆಲ್ಲ ಗಮನಕ್ಕೇ ಬರಲಿಲ್ಲ.

ಸರಿ, ಹಾಗಾದರೆ ಪೂರ್ತಿ ಹೆಸರು?

ಮಣಿಪಾಲದ ವಿದ್ಯಾರ್ಥಿನಿ

ನಾನು ಹೇಳುವುದಾದರೆ ಇಂಪೇಷನ್ಸ್ ಅಕಾಲಿಸ್. ಅದಲ್ಲದಿದ್ದರೆ ಇಂಪೇಷನ್ಸ್ ಸ್ಕ್ಯಾಪಿಫ್ಲೋರಾ. ಎರಡಕ್ಕೂ ಬುಡದಲ್ಲೇ ಎಲೆ, ಎಲೆಯಿಲ್ಲದ ದಂಟು, ಗುಲಾಬಿ ಹೂ. ಎರಡೂ ಘಟ್ಟದ ಒದ್ದೆ ಬಂಡೆಯವು. ಮೇಷ್ಟ್ರೇ, ಬರೀ ಫೋಟೋ ನೋಡಿ ಇವೆರಡನ್ನು ಬೇರೆ ಮಾಡಬಹುದಾ?

ಉಜಿರೆಯ ನಿವೃತ್ತ ಮೇಷ್ಟ್ರು

ಎದುರಿನಿಂದ ತೆಗೆದ ಫೋಟೋ ಒಂದೇ ಇದ್ದರೆ ಮಾಡಬಾರದು. ಈ ಗುಂಪಿನ ಹೂಗಳು ಎದುರಿನಿಂದ ಎಲ್ಲವೂ ಒಂದೇ ಥರ ಕಾಣುತ್ತವೆ. ಪಕ್ಕದಿಂದ ತೆಗೆದದ್ದು ಬೇಕು, ಬಾಲ ಎಷ್ಟು ಉದ್ದ, ಎಷ್ಟು ದಪ್ಪ, ಯಾವ ಕಡೆ ಬಾಗಿದೆ ಅಂತ ಗೊತ್ತಾಗಲು. ಕೆಳಗಿನ ಎಸಳು ಎಲ್ಲಿ ಎಷ್ಟು ಭಾಗವಾಗಿ ಸೀಳಿದೆ ಅಂತ ಕಾಣಬೇಕು. ಎಲೆಯ ಮೇಲೆ ರೋಮ ಉಂಟೋ ಇಲ್ಲವೋ ನೋಡಬೇಕು. ದಂಟಿನ ಬುಡದ ಫೋಟೋ ಬೇಕು. ಹೂ ಕೀಳುವ ಅಗತ್ಯ ಇಲ್ಲವೇ ಇಲ್ಲ, ಮೊಬೈಲನ್ನೇ ಪಕ್ಕಕ್ಕೆ ತಿರುಗಿಸಿದರೆ ಆಯ್ತು. ಪಕ್ಕದಲ್ಲಿ ಒಂದು ನಾಣ್ಯವೋ ಬೆರಳೋ ಇದ್ದರೆ ಅಳತೆಯೂ ಸಿಗುತ್ತದೆ.

ಪಕ್ಕದಿಂದ ತೆಗೆದದ್ದು ಏನಾದರೂ ಉಂಟಾ ಮಗಾ?

ಕುಡ್ಲದ ಬೈಕ್ ಸವಾರ

ಒಂದೇ ಒಂದು ಉಂಟು. ಈಗ ಹಾಕಿದೆ. ಬಾಲ ಹೂವಿಗಿಂತ ಉದ್ದ ಇದೆ, ತೆಳ್ಳಗೆ, ಕೆಳಕ್ಕೆ ಹೋಗಿ ತುದಿಯಲ್ಲಿ ಬಾಗಿದೆ. ಎಲೆಯ ಮೇಲೆ ರೋಮ ಕಾಣುವುದಿಲ್ಲ, ನೀರಿನ ಹನಿ ಮಾತ್ರ.

ಉಜಿರೆಯ ನಿವೃತ್ತ ಮೇಷ್ಟ್ರು

ಇದು ಒಳ್ಳೆಯ ಫೋಟೋ. ತೆಳ್ಳಗಿನ, ಉದ್ದದ, ಬಾಗಿದ ಬಾಲ ಅಕಾಲಿಸ್‌ಗೆ ಹೊಂದುತ್ತದೆ. ಇಂಪೇಷನ್ಸ್ ಅಕಾಲಿಸ್ ಅಂತಲೇ ಬರೆದುಕೊಳ್ಳಿ. 1836ರಲ್ಲಿ ಸ್ಕಾಟ್ಲೆಂಡಿನ ಸಸ್ಯಶಾಸ್ತ್ರಜ್ಞ ವಾಕರ್ ಆರ್ನಾಟ್ ಇಟ್ಟ ಹೆಸರು ಇದು. ನಮ್ಮ ಪಶ್ಚಿಮ ಘಟ್ಟದಲ್ಲಿ ಮತ್ತು ಶ್ರೀಲಂಕಾದಲ್ಲಿ ಇದು ಬೆಳೆಯುತ್ತದೆ.

ಫೋಟೋಗಳನ್ನು ತಾರೀಕಿನ ಜೊತೆಗೆ ಇಟ್ಟುಕೊಳ್ಳಿ, ಮುಂದೆ ಈ ಕುಲದಲ್ಲೇ ಕೆಲಸ ಮಾಡುವವರು ಯಾರಾದರೂ ನೋಡಿ ಒಪ್ಪಲಿ ಅಥವಾ ತಿದ್ದಲಿ. ಘಟ್ಟದ ಇಂಪೇಷನ್ಸ್‌ಗಳಲ್ಲಿ ಈ ಎಚ್ಚರ ಯಾವತ್ತೂ ಬೇಕು. ಜಗತ್ತಿನಲ್ಲಿ ಈ ಕುಲಕ್ಕೆ ಸೇರಿದ ಜಾತಿಗಳು 1000ಕ್ಕೂ ಹೆಚ್ಚು. ಪಶ್ಚಿಮ ಘಟ್ಟ ಒಂದರಲ್ಲೇ 100ಕ್ಕೂ ಹೆಚ್ಚು. ಇವುಗಳಲ್ಲಿ ಬಹುಪಾಲು ಬೇರೆ ಎಲ್ಲೂ ಇಲ್ಲ, ಕೆಲವು ಒಂದೆರಡು ಬೆಟ್ಟ ಬಿಟ್ಟರೆ ಪಕ್ಕದ ಬೆಟ್ಟದಲ್ಲೂ ಇಲ್ಲ.

ಬೆಳ್ತಂಗಡಿಯ ಕೃಷಿಕ

ಒಳ್ಳೆ ಚರ್ಚೆ. ನನ್ನದೊಂದು ಪ್ರಶ್ನೆ. ನಮ್ಮ ಗದ್ದೆಯ ಕಟ್ಟಪುಣಿಯಲ್ಲಿ, ಅಂದರೆ ಬದುವಿನಲ್ಲಿ, ಆಟಿ, ಸೋಣ ತಿಂಗಳಲ್ಲಿ (ಜುಲೈಯಿಂದ ಸೆಪ್ಟೆಂಬರ್) ಸಣ್ಣ ಗುಲಾಬಿ ಹೂ ಬಿಡುತ್ತದೆ. ಅದರ ಕಾಯಿ ಮುಟ್ಟಿದರೆ ಪಟಕ್ಕೆಂದು ಸಿಡಿಯುತ್ತದೆ. ಸಣ್ಣವರಿದ್ದಾಗ ಶಾಲೆಗೆ ಹೋಗುವ ದಾರಿಯಲ್ಲಿ ನಮಗೆ ಅದೇ ಆಟ. ಅದೂ ಇದೇನಾ?

ಉಜಿರೆಯ ನಿವೃತ್ತ ಮೇಷ್ಟ್ರು

ಕುಲ ಒಂದೇ, ಜಾತಿ ಬೇರೆ. ನಿಮ್ಮ ಕಟ್ಟಪುಣಿಯದ್ದಕ್ಕೆ ಎಲೆ ತುಂಬಿದ ಕಾಂಡ ಇದೆ ಅಲ್ವಾ? ನಮ್ಮ ಕರಾವಳಿಯ ಗದ್ದೆ ಬದು, ಹುಲ್ಲಿನ ತೇವದ ಜಾಗದಲ್ಲಿ ಸಾಮಾನ್ಯವಾಗಿ ಕಾಣುವುದು ಇಂಪೇಷನ್ಸ್ ಮೈನರ್. ಅದಕ್ಕೆ ಮಣ್ಣು ಬೇಕು, ಹುಲ್ಲಿನ ಜೊತೆ ಬೆಳೆಯುತ್ತದೆ. ಬಂಡೆಯ ಅಕಾಲಿಸ್ ಮಣ್ಣಿನ ತಂಟೆಗೇ ಹೋಗುವುದಿಲ್ಲ.

ಕಾಯಿ ಸಿಡಿಯುವುದು ಇಡೀ ಕುಲದ ಗುಣ. ಮಾಗಿದ ಕಾಯಿಯ ಸಿಪ್ಪೆ ಬಿಗಿಯಾಗಿ ಎಳೆದುಕೊಂಡಿರುತ್ತದೆ. ಮುಟ್ಟಿದ ಕೂಡಲೇ ಐದು ಪಟ್ಟಿಯಾಗಿ ಸುರುಳಿ ಸುತ್ತಿಕೊಂಡು ಬೀಜವನ್ನು ಎಸೆಯುತ್ತದೆ. ಆದರೆ ಎಸೆದರೂ ಎಷ್ಟು ದೂರ? ಒಂದೆರಡು ಮಾರು. ಹಾಗಾಗಿ ಒಂದು ಒದ್ದೆ ಬಂಡೆಯಿಂದ ಇನ್ನೊಂದು ಒದ್ದೆ ಬಂಡೆಗೆ ಈ ಗಿಡ ಹೋಗುವುದು ಬಹಳ ಕಷ್ಟ. ನಡುವೆ ಒಣ ಜಾಗ ಬಂದರೆ ಅಲ್ಲಿಗೇ ನಿಂತಿತು. ಇಷ್ಟೊಂದು ಜಾತಿಗಳು ಒಂದೊಂದು ಬೆಟ್ಟದಲ್ಲಿ ಬೇರೆ ಬೇರೆಯಾಗಿ ಉಳಿದುಕೊಂಡಿರುವುದಕ್ಕೆ ಇದೂ ಒಂದು ಕಾರಣ.

ಬೆಳ್ತಂಗಡಿಯ ಕೃಷಿಕ

ಈಗ ಅರ್ಥ ಆಯ್ತು. ನಮ್ಮ ತೋಟದ ಮೇಲ್ಭಾಗ ಗುಡ್ಡಕ್ಕೆ ತಾಗಿಕೊಂಡು ಒಂದು ದೊಡ್ಡ ಪಾರೆ ಉಂಟು. ಮಳೆಗಾಲದಲ್ಲಿ ಅಲ್ಲಿಂದ ಒರತೆ ಇಳಿಯುತ್ತದೆ. ಅಲ್ಲಿಯೂ ಬುಡದಲ್ಲೇ ಎಲೆ ಇರುವ ಈ ಥರದ್ದೇ ಗಿಡ ಏಳುತ್ತದೆ. ದೀಪಾವಳಿ ಹೊತ್ತಿಗೆ ಎಲೆ ಹಳದಿ ಆಗುತ್ತದೆ. ಬೇಸಿಗೆಯಲ್ಲಿ ನೋಡಿದರೆ ಅಲ್ಲಿ ಗಿಡ ಇತ್ತು ಅಂತ ಹೇಳಲಿಕ್ಕೇ ಸಾಧ್ಯ ಇಲ್ಲ. ಒಣಗಿದ ಪಾಚಿ ಕಪ್ಪಗೆ ಹಪ್ಪಳಿಕೆ ಎದ್ದಿರುತ್ತದೆ. ಕೈಯಲ್ಲಿ ಒಂದು ತುಂಡು ಎಬ್ಬಿಸಿದರೆ ಅಡಿಯಲ್ಲಿ ಸಣ್ಣ ಸಣ್ಣ ಗಡ್ಡೆ ಬಂಡೆಯ ಗೀರಿನಲ್ಲಿ ಕೂತಿರುತ್ತವೆ. ಮೊದಲು ಅದು ಯಾವುದೋ ಹುಲ್ಲಿನ ಗಡ್ಡೆ ಅಂತ ನಾವು ಗಮನ ಕೊಡುತ್ತಿರಲಿಲ್ಲ. ನಾಲ್ಕು ಮಳೆ ಬಿದ್ದರೆ ಅದೇ ಜಾಗದಲ್ಲಿ ಎಲೆ.

ಒಮ್ಮೆ ಕೆಲಸದವರು ಪಾರೆ ಜಾರುತ್ತದೆ ಅಂತ ಅರ್ಧ ಭಾಗದ ಪಾಚಿ ಕೆರೆದು ತೆಗೆದರು. ಅಲ್ಲಿ ನಡೆದುಕೊಂಡು ಹೋಗಬೇಕಲ್ಲ, ಅವರದ್ದೂ ತಪ್ಪಲ್ಲ. ಆದರೆ ಕೆರೆದ ಭಾಗದಲ್ಲಿ ಈಗಲೂ ಹೂ ಇಲ್ಲ, ಉಳಿದ ಅರ್ಧದಲ್ಲಿ ಪ್ರತಿ ವರ್ಷ ಬರುತ್ತದೆ.

ಉಜಿರೆಯ ನಿವೃತ್ತ ಮೇಷ್ಟ್ರು

ನೀವು ಬರೆದದ್ದು ಬಹಳ ಮುಖ್ಯವಾದ ವಿಷಯ. ಸವಾರರು ಮೊದಲು ಕೇಳಿದ್ದು ಇದನ್ನೇ, "ಆ ಬಂಡೆಯಲ್ಲಿ ಮಾತ್ರ ಯಾಕೆ" ಅಂತ.

ಈ ಗಿಡದ ಮನೆ ಬಂಡೆ ಅಂತ ನಾವು ಹೇಳುತ್ತೇವೆ. ಸರಿಯಾಗಿ ಹೇಳುವುದಾದರೆ ಅದರ ಮನೆ ಬಂಡೆಯ ಮೇಲಿನ ಪಾಚಿಯ ಪದರ. ಬೋಳು ಬಂಡೆಯ ಮೇಲೆ ಬೀಜ ಬಿದ್ದರೆ ಮೊದಲ ಮಳೆಗೇ ಕೊಚ್ಚಿ ಹೋಗುತ್ತದೆ. ಪಾಚಿ ಇದ್ದರೆ ಅದರ ಎಳೆಗಳ ನಡುವೆ ಸಿಕ್ಕಿಕೊಳ್ಳುತ್ತದೆ. ಮಳೆ ನಿಂತು ಬಿಸಿಲು ಬಂದರೂ ಪಾಚಿ ಒದ್ದೆ ಬೈರಾಸಿನ ಹಾಗೆ ನೀರು ಹಿಡಿದುಕೊಂಡಿರುತ್ತದೆ. ಮೇಲಿನ ಕಾಡಿನಿಂದ ಕೊಳೆತ ಎಲೆಯ ಪುಡಿ ನೀರಿನ ಜೊತೆ ಇಳಿದು ಬಂದು ಅಲ್ಲೇ ತಂಗುತ್ತದೆ, ಅದೇ ಇದಕ್ಕೆ ಗೊಬ್ಬರ. ನೀರು ನಿಲ್ಲುವುದೂ ಇಲ್ಲ, ಹಾಗಾಗಿ ಗಡ್ಡೆ ಕೊಳೆಯುವುದಿಲ್ಲ.

ಬಂಡೆಗೆ ಸ್ವಲ್ಪ ನೆರಳೂ ಬೇಕು. ಇಡೀ ದಿನ ಬಿಸಿಲು ಬೀಳುವ ಬಂಡೆಯಲ್ಲಿ ಪಾಚಿ ದಪ್ಪ ಆಗುವುದಿಲ್ಲ. ದಟ್ಟ ಕಾಡಿನ ಒಳಗೆ ಕತ್ತಲೆ ಜಾಸ್ತಿ, ಅಲ್ಲಿಯೂ ಇದು ಕಡಿಮೆ. ಕಾಡಿನ ಅಂಚು, ಜಲಪಾತದ ಬದಿ, ರಸ್ತೆಗೆ ಗುಡ್ಡ ಕಡಿದ ಗೋಡೆ, ಇವೇ ಇದಕ್ಕೆ ಹೇಳಿ ಮಾಡಿಸಿದ ಜಾಗ.

ಪಕ್ಕದ ಮಣ್ಣಿನ ಇಳಿಜಾರಿನಲ್ಲಿ ಯಾಕಿಲ್ಲ ಅಂದರೆ, ಅಲ್ಲಿ ಹುಲ್ಲು, ಜರಿಗಿಡ, ಕಮ್ಯುನಿಸ್ಟ್ ಗಿಡ ಎಲ್ಲ ಇದಕ್ಕಿಂತ ಎತ್ತರಕ್ಕೆ, ಇದಕ್ಕಿಂತ ಬೇಗ ಬೆಳೆಯುತ್ತವೆ. ಬೆರಳುದ್ದದ ಎಲೆ ಅವುಗಳ ಅಡಿಯಲ್ಲಿ ಮುಚ್ಚಿ ಹೋಗುತ್ತದೆ. ಬೇರೆ ಗಿಡಗಳಿಗೆ ಬೇಡವಾದ ಜಾಗವೇ ಇದರ ಪಾಲಿಗೆ ಬಂದದ್ದು. 2019ರ ಆಗಸ್ಟಿನಲ್ಲಿ ಚಾರ್ಮಾಡಿಯಲ್ಲಿ ಹಲವು ಕಡೆ ಗುಡ್ಡ ಕುಸಿದು ರಸ್ತೆ ಬಂದ್ ಆಗಿತ್ತು, ನೆನಪಿರಬಹುದು. ಮಣ್ಣು ಜಾರಿದ ಜಾಗಗಳಲ್ಲಿ ಈಗ ಹಸಿರು ತುಂಬಿದೆ, ನೋಡಲು ಚಂದವೇ. ಆದರೆ ಅದರಲ್ಲಿ ಜಾಸ್ತಿ ಕಳೆ, ಬಳ್ಳಿ. ಬಂಡೆಯ ಗಿಡಗಳು ಅಷ್ಟು ಬೇಗ ಮರಳಿ ಬರುವುದಿಲ್ಲ, ಮೊದಲು ಪಾಚಿ ಬರಬೇಕಲ್ಲ.

ಸುರತ್ಕಲ್ ಟೆರೇಸ್ ತೋಟ

ನಮಸ್ತೆ. ನನ್ನ ಹತ್ತಿರ ಟೆರೇಸಿನಲ್ಲಿ ಆರ್ಕಿಡ್, ಆಂಥೂರಿಯಂ ಎಲ್ಲ ಚೆನ್ನಾಗಿ ಬರುತ್ತದೆ. ಇದರದ್ದೂ ಎರಡು ಗಡ್ಡೆ ತಂದು ತೆಂಗಿನ ನಾರಿನಲ್ಲಿ ನೆಟ್ಟರೆ ಬರಬಹುದಾ? ಘಾಟಿಯಲ್ಲಿ ಅಷ್ಟೊಂದು ಇರುವಾಗ ಎರಡು ತಂದರೆ ಏನೂ ಆಗಲಿಕ್ಕಿಲ್ಲ ಅಂತ.

ಕಾರ್ಕಳದ ಅಕ್ಕ

ದಯವಿಟ್ಟು ಬೇಡ. ಗಿಡದ ಮೇಲಿನ ಪ್ರೀತಿಯಿಂದಲೇ ಕೇಳಿದ್ದೀರಿ ಅಂತ ಗೊತ್ತು. ನಾನೂ ಗಿಡ ಸಾಕುವವಳೇ, ಆಸೆ ಆಗುತ್ತದೆ. ಆದರೆ ಎರಡು ಗಡ್ಡೆ ತೆಗೆಯಬೇಕಾದರೆ ಅಂಗೈಯಗಲ ಪಾಚಿ ಕಿತ್ತು ಬರುತ್ತದೆ. ಬೆಳ್ತಂಗಡಿಯ ಅಣ್ಣ ಬರೆದದ್ದು ಓದಿ, ಕೆರೆದ ಜಾಗದಲ್ಲಿ ಇನ್ನೂ ಹೂ ಬಂದಿಲ್ಲ.

ಉಜಿರೆಯ ನಿವೃತ್ತ ಮೇಷ್ಟ್ರು

ಅಕ್ಕ ಹೇಳಿದ್ದು ಸರಿ. ಇನ್ನೂ ಎರಡು ಮಾತು ಸೇರಿಸುತ್ತೇನೆ. ಘಾಟಿಯ ಎರಡೂ ಬದಿ ಮೀಸಲು ಅರಣ್ಯ, ಅಲ್ಲಿಂದ ಗಿಡ ಕೀಳುವುದು 1963ರ ಕರ್ನಾಟಕ ಅರಣ್ಯ ಕಾಯ್ದೆಯ ಪ್ರಕಾರ ಅಪರಾಧ. ಎರಡನೆಯದು, ಅದು ಸುರತ್ಕಲ್‌ನಲ್ಲಿ ಬದುಕುವುದೂ ಇಲ್ಲ. ಟೆರೇಸಿನಲ್ಲಿ ನೀವು ದಿನಕ್ಕೆ ನಾಲ್ಕು ಸಲ ನೀರು ಹಾಕಿದರೂ ಘಟ್ಟದ ಮಂಜು, ತಂಪು, ಹಗಲು ರಾತ್ರಿ ಜಿನುಗುವ ನೀರು ಇವನ್ನು ಕೊಡಲು ಆಗುವುದಿಲ್ಲ. ಕಡಲ ಬದಿಯ ಸೆಕೆಗೆ ಕೊಳೆಯುತ್ತದೆ.

ನಿಮಗೆ ಈ ಕುಲದ ಹೂವೇ ಬೇಕು ಅಂತಿದ್ದರೆ ನಮ್ಮ ಹಳೆಯ ಕರ್ಣಕುಂಡಲ ಹಾಕಿ. ಬೀಜ ಯಾರ ಮನೆಯಲ್ಲಾದರೂ ಸಿಗುತ್ತದೆ. ಮಳೆಗಾಲದ ಶುರುವಿನಲ್ಲಿ ಎರಚಿದರೆ ತಾನಾಗಿಯೇ ಏಳುತ್ತದೆ. ಟೋಪಿ, ಬಾಲ, ಸಿಡಿಯುವ ಕಾಯಿ ಎಲ್ಲವನ್ನೂ ಅದರಲ್ಲೇ ನೋಡಬಹುದು, ಮಕ್ಕಳಿಗೂ ತೋರಿಸಬಹುದು. ನರ್ಸರಿಯ ಇಂಪೇಷನ್ಸ್ ವಾಲರಿಯಾನಾ ಆಫ್ರಿಕಾದ ಪೂರ್ವ ಭಾಗದ್ದು. ಕುಂಡದಲ್ಲಿ ಇಟ್ಟುಕೊಳ್ಳಿ, ತೊಂದರೆ ಇಲ್ಲ. ಘಟ್ಟದ ಕಡೆ ಮನೆ ಇರುವವರು ಮಾತ್ರ ಅದರ ತುಂಡುಗಳನ್ನು ತೋಡಿನ ಬದಿಗೆ ಎಸೆಯಬೇಡಿ. ತೇವ ಸಿಕ್ಕಿದರೆ ಅದು ಅಲ್ಲೇ ಬೇರು ಬಿಟ್ಟು ಹರಡಿಕೊಳ್ಳುತ್ತದೆ.

ಸುರತ್ಕಲ್ ಟೆರೇಸ್ ತೋಟ

ಆಯ್ತು ಸಾರ್. ಹಾಗಾದರೆ ತರುವುದಿಲ್ಲ, ಅಲ್ಲಿಗೇ ಹೋಗಿ ನೋಡುತ್ತೇನೆ. ಕರ್ಣಕುಂಡಲದ ಬೀಜ ಮಾವನ ಮನೆಯಲ್ಲಿ ಉಂಟು.

ಕುಡ್ಲದ ಬೈಕ್ ಸವಾರ

ಇನ್ನೊಂದು ವಿಷಯ ಹೇಳಬೇಕಿತ್ತು. ಆ ಬಂಡೆಯಿಂದ ಸ್ವಲ್ಪ ಮುಂದೆ ಒಂದು ಗೋಡೆಗೆ ಪೂರ್ತಿ ಸಿಮೆಂಟ್ ಸಿಂಪಡಿಸಿದ್ದಾರೆ. ಇನ್ನೊಂದು ಕಡೆ ಬಂಡೆಯ ಮೇಲೆ ಬಣ್ಣದಲ್ಲಿ ಯಾರ್ಯಾರದೋ ಹೆಸರು, ಹೃದಯದ ಚಿತ್ರ. ಪಾಚಿ ಕೆರೆದೇ ಬರೆದಿದ್ದಾರೆ. ನೋಡಿ ಹೊಟ್ಟೆ ಉರಿಯಿತು.

ಬೆಳ್ತಂಗಡಿಯ ಕೃಷಿಕ

ಸಿಮೆಂಟಿನ ವಿಷಯ ಸ್ವಲ್ಪ ಯೋಚಿಸಿ ಮಾತಾಡಬೇಕು. ಮಳೆಗಾಲದಲ್ಲಿ ಘಾಟಿ ಬಂದ್ ಆದರೆ ನಮಗೆ ಆಗುವ ಕಷ್ಟ ನಮಗೇ ಗೊತ್ತು. ಆಸ್ಪತ್ರೆಗೆ ಹೋಗುವವರು, ತರಕಾರಿ ಗಾಡಿ, ಕಾಲೇಜಿನ ಮಕ್ಕಳು, ಎಲ್ಲರಿಗೂ ಇದೇ ದಾರಿ. ಗುಡ್ಡ ಬೀಳುವ ಜಾಗದಲ್ಲಿ ತಡೆಗೋಡೆ ಬೇಡ ಅಂತ ಯಾರೂ ಹೇಳುವ ಹಾಗಿಲ್ಲ.

ಉಜಿರೆಯ ನಿವೃತ್ತ ಮೇಷ್ಟ್ರು

ಬೇಡ ಅಂತ ನಾನೂ ಹೇಳುವುದಿಲ್ಲ. ಸಡಿಲ ಮಣ್ಣು, ಬಿರುಕು ಬಿಟ್ಟ ಕಲ್ಲು ಇರುವ ಕಡೆ ತಡೆಗೋಡೆ ಕಟ್ಟಲೇಬೇಕು, ಜನರ ಜೀವದ ಪ್ರಶ್ನೆ. ನನ್ನ ಮಾತು ಗಟ್ಟಿ ಬಂಡೆಯ ಬಗ್ಗೆ. ಎಷ್ಟೋ ದಶಕಗಳಿಂದ ಅಲುಗಾಡದೆ ನಿಂತ ಏಕಶಿಲೆಯ ಗೋಡೆಗೂ ಚಂದಕ್ಕೆ ಅಂತಲೋ, ಟೆಂಡರಿನಲ್ಲಿ ಇಷ್ಟು ಮೀಟರ್ ಅಂತ ಬರೆದಿದೆ ಅಂತಲೋ ಸಿಮೆಂಟ್ ಬಳಿಯುವುದು ಬೇಡ. ಚರಂಡಿ ಸ್ವಚ್ಛ ಮಾಡುವಾಗ ಜೆಸಿಬಿಯ ಬಕೆಟನ್ನು ಚರಂಡಿಗೆ ಮಾತ್ರ ಇಳಿಸಿದರೆ ಸಾಕು, ಪಕ್ಕದ ಬಂಡೆಯನ್ನು ಕೆರೆದುಕೊಂಡು ಹೋಗುವ ಅಗತ್ಯ ಇಲ್ಲ.

ಇನ್ನೊಂದು ವಿಷಯ ಗಮನಿಸಿ. ಈ ಗೋಡೆಗಳೇ ಮನುಷ್ಯ ಗುಡ್ಡ ಕಡಿದು ಮಾಡಿದ್ದು. ರಸ್ತೆ ಮಾಡಿದ ಕಾಲದಲ್ಲಿ ಅವೂ ಬೋಳಾಗಿದ್ದವು. ಮೇಲಿನ ಕಾಡು ಹಾಗೇ ಉಳಿದದ್ದರಿಂದ ನೀರು ಜಿನುಗುತ್ತಾ ಬಂತು, ನಿಧಾನಕ್ಕೆ ಪಾಚಿ ಹಿಡಿಯಿತು, ಅಕ್ಕಪಕ್ಕದ ಝರಿಯ ಬಂಡೆಗಳಿಂದ ಈ ಗಿಡಗಳು ಇಳಿದು ಬಂದವು. ರಸ್ತೆಯೂ ಹೂವೂ ಜೊತೆಗೇ ಇರಲು ಆಗುವುದಿಲ್ಲ ಅಂತ ಇಲ್ಲ. ಮೇಲಿನ ಕಾಡು ಉಳಿಯಬೇಕು, ನೀರಿನ ದಾರಿ ತಪ್ಪಬಾರದು, ಬಂಡೆಯ ಮೈ ಕೆರೆಯಬಾರದು.

ಬಣ್ಣದಲ್ಲಿ ಹೆಸರು ಬರೆಯುವವರ ಬಗ್ಗೆ ಹೇಳಬೇಕಾದ್ದು ಏನೂ ಇಲ್ಲ. ಅದು ನಿಲ್ಲಬೇಕು, ಅಷ್ಟೇ.

ಮಣಿಪಾಲದ ವಿದ್ಯಾರ್ಥಿನಿ

ಇದನ್ನು ಬರೀ ಮಾತಿಗೆ ಬಿಡುವುದು ಬೇಡ ಅಂತ ನನಗೆ ಅನ್ನಿಸುತ್ತದೆ. ಯಾವ ಯಾವ ಬಂಡೆಯಲ್ಲಿ ಯಾವ ಗಿಡ ಇದೆ ಅಂತ ನಾವೇ ದಾಖಲೆ ಮಾಡಿದರೆ, ಕೆಲಸ ಶುರುವಾಗುವ ಮೊದಲೇ ಅರಣ್ಯ ಇಲಾಖೆಗೂ ಹೆದ್ದಾರಿಯವರಿಗೂ ಪತ್ರ ಬರೆಯಬಹುದು. ಬರೀ "ಘಾಟಿಯ ಹೂ ಉಳಿಸಿ" ಅಂದರೆ ಯಾರೂ ಕೇಳುವುದಿಲ್ಲ. "ಇಂಥ ತಿರುವಿನಿಂದ ಇಷ್ಟು ದೂರ, ಎಡಬದಿ, ಗಟ್ಟಿ ಬಂಡೆ, ಇದನ್ನು ಹಾಗೇ ಬಿಡಿ" ಅಂದರೆ ಕೆಲಸ ಮಾಡಿಸುವ ಎಂಜಿನಿಯರಿಗೂ ಸುಲಭ.

ಆದರೆ ಸರಿಯಾದ ಜಾಗವನ್ನು ಎಲ್ಲರಿಗೂ ಕಾಣುವ ಹಾಗೆ ಹಾಕಬೇಡಿ. ಗಿಡ, ಪ್ರಾಣಿಗಳ ಫೋಟೋ ಹಾಕಿ ಹೆಸರು ಗುರುತಿಸಿಕೊಳ್ಳುವ ಐನ್ಯಾಚುರಲಿಸ್ಟ್ ಜಾಲತಾಣದಲ್ಲಿ ಫೋಟೋ ಹಾಕುವಾಗ ಜಾಗ ಮರೆಮಾಡುವ ಆಯ್ಕೆ ಇದೆ. ಅದನ್ನು ಒತ್ತಿದರೆ ನಕ್ಷೆಯಲ್ಲಿ ಗುರುತು ಸುಮಾರು 20 ಕಿಲೋಮೀಟರ್ ಅಗಲದ ಚೌಕದೊಳಗೆ ಎಲ್ಲೋ ಒಂದು ಕಡೆ ಬೀಳುತ್ತದೆ. ಹೆಸರು ಗುರುತಿಸುವವರಿಗೆ ಅಷ್ಟು ಸಾಕು. ನಿಜವಾದ ಜಾಗ ನಿಮ್ಮ ಖಾತೆಯಲ್ಲಿ ಉಳಿದಿರುತ್ತದೆ. ಇಂಡಿಯಾ ಬಯೋಡೈವರ್ಸಿಟಿ ಪೋರ್ಟಲ್‌ನಲ್ಲೂ ಹಾಕಬಹುದು, ಅಲ್ಲಿ ನಮ್ಮ ಕಡೆಯ ಗಿಡ ಬಲ್ಲವರು ಜಾಸ್ತಿ ಇದ್ದಾರೆ.

ಕಾರ್ಕಳದ ಅಕ್ಕ

ಒಳ್ಳೆ ಯೋಚನೆ. ಮಾಳ, ಕುದುರೆಮುಖ ದಾರಿಯ ಬಂಡೆಗಳನ್ನು ನಾನು ನೋಡಿಕೊಳ್ಳುತ್ತೇನೆ. ಅದು ರಾಷ್ಟ್ರೀಯ ಉದ್ಯಾನದ ಒಳಗೆ, ಎಲ್ಲೆಂದರಲ್ಲಿ ಗಾಡಿ ನಿಲ್ಲಿಸಲು ಬಿಡುವುದಿಲ್ಲ. ಹಾಗಾಗಿ ಅನುಮತಿ ಇರುವ ಕಡೆ ಮಾತ್ರ. ಹೆಬ್ರಿಯಿಂದ ಆಗುಂಬೆ ಕಡೆ ಯಾರಾದರೂ ಇದ್ದೀರಾ? ಅಲ್ಲಿಯೂ ಇಂಥ ಗೋಡೆಗಳು ಬೇಕಾದಷ್ಟು ಉಂಟು.

ಹೆಬ್ರಿಯ ಬಸ್ ಕಂಡಕ್ಟರ್

ನಾನಿದ್ದೇನೆ ಅಕ್ಕ. ಉಡುಪಿ–ಆಗುಂಬೆ ದಾರಿಯಲ್ಲೇ ನನ್ನ ಕೆಲಸ. ಇಷ್ಟು ಹೊತ್ತು ಸುಮ್ನೆ ಓದುತ್ತಾ ಇದ್ದೆ. ಘಾಟಿಯ 14 ತಿರುವುಗಳಲ್ಲಿ ಯಾವ ತಿರುವಿನಲ್ಲಿ ಹೂ ಬಂದಿದೆ, ಯಾವಾಗ ಶುರುವಾಯ್ತು, ಯಾವಾಗ ಮುಗಿಯಿತು ಅಂತ ಕಿಟಕಿಯಿಂದಲೇ ನೋಡಿ ಬರೆದಿಡಬಹುದು. ಫೋಟೋ ಮಾತ್ರ ಚೆನ್ನಾಗಿ ಬರಲಿಕ್ಕಿಲ್ಲ, ಬಸ್ಸು ನಿಲ್ಲಿಸುವ ಹಾಗಿಲ್ಲವಲ್ಲ. ಗುಲಾಬಿ ಹೂವಿನ ಜೊತೆಗೆ ನೀಲಿಯದ್ದೂ ಒಂದು ಕಡೆ ಕಾಣುತ್ತದೆ, ಕೆಳತುಟಿ ದೊಡ್ಡದು. ಮೇಷ್ಟ್ರು ಬರೆದದ್ದು ಓದಿದ ಮೇಲೆ ಅದು ಯಾವುದು ಅಂತ ಗೊತ್ತಾಯ್ತು.

ಉಜಿರೆಯ ನಿವೃತ್ತ ಮೇಷ್ಟ್ರು

ಭಾರಿ ಖುಷಿ ಆಯ್ತು ಕಂಡಕ್ಟರ್ರೇ. ಫೋಟೋ ಇಲ್ಲದಿದ್ದರೂ ಅಡ್ಡಿ ಇಲ್ಲ. ಒಂದೇ ದಾರಿಯಲ್ಲಿ ದಿನಾ ಹೋಗುವವರು ಬರೆದಿಟ್ಟ ತಾರೀಕು ನಮ್ಮಂಥವರು ಅಪರೂಪಕ್ಕೆ ಹೋಗಿ ತೆಗೆದ ನೂರು ಫೋಟೋಗಿಂತ ಉಪಯೋಗ. ಮಳೆ ಬಿಟ್ಟು ಬಿಸಿಲು ಬಂದ ದಿನಗಳನ್ನೂ ಪಕ್ಕದಲ್ಲಿ ಗುರುತು ಮಾಡಿ. ಆಟಿಯಲ್ಲಿ ಮಳೆ ಕೈಕೊಟ್ಟರೆ ಈ ಹೂವಿಗೆ ಏನಾಗುತ್ತದೆ ಅಂತ ಅದರಿಂದ ತಿಳಿಯಬಹುದು.

ಎಲ್ಲರಿಗೂ ಒಂದು ವಿನಂತಿ, ಮುಖ್ಯವಾಗಿ ಬೈಕಿನಲ್ಲಿ ಹೋಗುವವರಿಗೆ. ತಿರುವಿನಲ್ಲಿ ಗಾಡಿ ನಿಲ್ಲಿಸಬೇಡಿ. ಮಂಜಿನಲ್ಲಿ ಕೆಳಗಿನಿಂದ ಬರುವ ಲಾರಿಗೆ ನೀವು ಕಾಣುವುದಿಲ್ಲ. ಜಾಗ ಇರುವ ಕಡೆ ನಿಲ್ಲಿಸಿ, ರಸ್ತೆಯ ಬದಿಯಲ್ಲಿ ನಡೆದು ಬನ್ನಿ. ಬಂಡೆ ಹತ್ತಬೇಡಿ, ಪಾಚಿ ಜಾರಿ ಕೈಕಾಲು ಮುರಿದುಕೊಂಡವರು ಪ್ರತಿ ಮಳೆಗಾಲದಲ್ಲೂ ಇದ್ದಾರೆ. ನಿಮ್ಮ ಕಾಲಡಿಯಲ್ಲಿ ಗಡ್ಡೆಯೂ ಹೋಗುತ್ತದೆ.

ಕುಡ್ಲದ ಬೈಕ್ ಸವಾರ

ಸರಿ ಮೇಷ್ಟ್ರೇ. ಫೋಟೋಗಳನ್ನು ಜಾಗ ಮರೆಮಾಡಿ ಹಾಕಿದೆ, ಹೆಸರು ಇಂಪೇಷನ್ಸ್ ಅಕಾಲಿಸ್ ಅಂತ ಕೊಟ್ಟೆ. ಸೆಪ್ಟೆಂಬರ್ ಕೊನೆಗೆ ಮತ್ತೆ ಕೊಟ್ಟಿಗೆಹಾರಕ್ಕೆ ಹೋಗಲಿಕ್ಕುಂಟು. ಆಗ ಎಂತ ನೋಡಬೇಕು?

ಉಜಿರೆಯ ನಿವೃತ್ತ ಮೇಷ್ಟ್ರು

ಆ ಹೊತ್ತಿಗೆ ಕಾಯಿ ಇರುತ್ತದೆ. ಮುಟ್ಟಬೇಡಿ, ಸಿಡಿದರೆ ಫೋಟೋ ಸಿಗುವುದಿಲ್ಲ. ಕಾಯಿಯ ಆಕಾರ ಪಕ್ಕದಿಂದ ತೆಗೆಯಿರಿ, ಎಲೆಯ ಅಡಿಭಾಗ ಒಂದು, ಬಾಲದ ಪಕ್ಕ ಅಳತೆಗೆ ನಾಣ್ಯ ಹಿಡಿದು ಒಂದು. ಇಡೀ ಬಂಡೆ ಕಾಣುವ ಹಾಗೆ ದೂರದಿಂದಲೂ ಒಂದು ತೆಗೆಯಿರಿ, ನೀರು ಎಲ್ಲಿಂದ ಇಳಿಯುತ್ತದೆ ಅಂತ ಗೊತ್ತಾಗಬೇಕು. ಪತ್ರ ಬರೆಯುವಾಗ ಹೆಚ್ಚು ಉಪಯೋಗಕ್ಕೆ ಬರುವುದು ಅದೇ ಫೋಟೋ. ಕರಡು ನಾನು ಬರೆದು ಇಲ್ಲೇ ಹಾಕುತ್ತೇನೆ, ಮಣಿಪಾಲದ ಮಗಳು ತಿದ್ದಲಿ.